ತನಿಖಾ ವರದಿಗಾರಿಕೆಯಿಂದ ಸಾಕ್ಷ್ಯಚಿತ್ರ ನಿರ್ಮಾಣಕ್ಕೆ: ನಮ್ಮ ಜಿಲ್ಲೆಯಲ್ಲಿದ್ದುಕೊಂಡೇ ಈ ವೃತ್ತಿ ನಡೆಸಬಹುದೇ?

ಶಿರಸಿ ಸೀಮೆ
ನನ್ನ ತಮ್ಮನ ಮಗಳು ಕಾರವಾರದಲ್ಲಿ ಸುದ್ದಿ ವಾಹಿನಿಯೊಂದರ ಜಿಲ್ಲಾ ವರದಿಗಾರ್ತಿ. 2024ರ ಜುಲೈ 16ರಂದು ಅಂಕೋಲಾ ತಾಲೂಕಿನ ಶಿರೂರಿನಲ್ಲಿ ರಾಷ್ಟ್ರೀಯ ಹೆದ್ದಾರಿ 66ರ ಮೇಲೆ ಗುಡ್ಡ ಕುಸಿದಾಗ ಆ ಜಡಿಮಳೆಯಲ್ಲಿ ನಿಂತು ವರದಿ ಮಾಡಿದವರಲ್ಲಿ ಅವಳೂ ಒಬ್ಬಳು. ಕುಸಿತದಲ್ಲಿ ಕಾಣೆಯಾಗಿದ್ದ ಲಾರಿಯನ್ನು ಸೆಪ್ಟೆಂಬರ್ 25ರಂದು ಗಂಗಾವಳಿ ನದಿಯಿಂದ ಮೇಲೆತ್ತಿದ ನಂತರ ಅವಳ ಡೆಸ್ಕಿನವರಿಗೆ ಶಿರೂರು ಮುಗಿದ ಸುದ್ದಿಯಾಯಿತು. ಅವಳಿಗೆ ಮುಗಿಯಲಿಲ್ಲ. ಹೆದ್ದಾರಿ ಅಗಲ ಮಾಡುವಾಗ ಗುಡ್ಡವನ್ನು ಹೇಗೆ ಕಡಿದರು, ನೀರು ಬಸಿದು ಹೋಗಲು ಏನು ವ್ಯವಸ್ಥೆ ಮಾಡಿದ್ದರು, ಮೊದಲೇ ಎಚ್ಚರಿಸಿದ ಪತ್ರಗಳು ಯಾವುದಾದರೂ ಕಚೇರಿಯ ಕಡತದಲ್ಲಿವೆಯೇ, ಆಚೆ ದಡದ ಉಳುವರೆಯಲ್ಲಿ ಮನೆ ಕಳೆದುಕೊಂಡವರ ಬದುಕು ಈಗ ಹೇಗಿದೆ ಎಂಬುದನ್ನೆಲ್ಲ ಸೇರಿಸಿ ಒಂದು ತಾಸಿನ ಸಾಕ್ಷ್ಯಚಿತ್ರ ಮಾಡಬೇಕೆಂದು ಹಟ ಹಿಡಿದಿದ್ದಾಳೆ. ಅದಕ್ಕಾಗಿ ಕೆಲಸ ಬಿಟ್ಟು ಸ್ವತಂತ್ರ ನಿರ್ಮಾಪಕಿಯಾಗುತ್ತಾಳಂತೆ. ಮನೆಯಲ್ಲಿ ಎರಡು ಪಕ್ಷವಾಗಿದೆ. ಈ ವೃತ್ತಿಯನ್ನು ಹತ್ತಿರದಿಂದ ಬಲ್ಲವರು ಇಲ್ಲಿ ಇದ್ದೀರಿ ಎಂಬ ಧೈರ್ಯದಿಂದ ಕೇಳುತ್ತಿದ್ದೇನೆ. ಬೆಂಗಳೂರಿಗೆ ಹೋಗದೆ, ಇಲ್ಲೇ ಇದ್ದು, ಇದನ್ನು ಜೀವನೋಪಾಯವನ್ನಾಗಿ ಮಾಡಿಕೊಳ್ಳಲು ಸಾಧ್ಯವಿದೆಯೇ?

ಕೋಡಿಬಾಗ
ಸಂಬಳ ಬಿಡುವುದು ಬೇಡ. ಕೈಯಲ್ಲಿ ವಾಹಿನಿಯ ಲೋಗೋ ಇದ್ದರೆ ಮಾತ್ರ ಕಚೇರಿಯ ಬಾಗಿಲು ತೆರೆಯುತ್ತದೆ.

ಅಂಕೋಲೆಯ ಅಕ್ಕೋರು
ಕೋಡಿಬಾಗದವರೇ, ಲೋಗೋಕ್ಕೆ ತೆರೆಯುವ ಬಾಗಿಲು ಕ್ಯಾಮೆರಾ ಎದುರು ಎರಡು ಮಾತಿನ ‘ಬೈಟ್’ ಕೊಡುವ ಸಾಹೇಬರ ಕೋಣೆಯದು, ದಾಖಲೆ ಇಡುವ ಕೋಣೆಯದಲ್ಲ. ನಾನು ಗಂಗಾವಳಿ ದಡದ ಶಾಲೆಗಳಲ್ಲಿ ಕಲಿಸಿದವಳು, ಉಳುವರೆಯ ಅನೇಕ ಕುಟುಂಬಗಳು ನನಗೆ ಪರಿಚಿತ. ಗುಡ್ಡ ನದಿಗೆ ಬಿದ್ದಾಗ ನೀರು ಎದ್ದು ಬಂದು ಅವರ ಮನೆಗಳನ್ನು ಹೊಡೆದುಕೊಂಡು ಹೋಯಿತು. ಹೆದ್ದಾರಿಯ ಬದಿಯಲ್ಲಿ ಕ್ಯಾಮೆರಾಗಳು ಸಾಲುಗಟ್ಟಿ ನಿಂತಿದ್ದಾಗ, ಆಚೆ ದಡಕ್ಕೆ ಬಂದವರು ಕೆಲವರೇ. ಬಂದವರಲ್ಲಿ ಒಬ್ಬರು, ಅಂಗಳದ ಕೆಸರಿನಲ್ಲಿ ತಾಮ್ರದ ಹಂಡೆ ಹುಡುಕುತ್ತಿದ್ದ ಹೆಂಗಸೊಬ್ಬಳ ಎದುರು ಮೈಕ್ ಹಿಡಿದರು. ಅವಳು ನೀರು ಯಾವ ದಿಕ್ಕಿನಿಂದ ಬಂತು, ಎಷ್ಟು ಎತ್ತರ ಬಂತು, ಅದಕ್ಕೂ ಮುನ್ನ ಗುಡ್ಡದ ಬದಿಯಿಂದ ಎಂತಹ ಸದ್ದು ಕೇಳಿತು ಎಂಬುದನ್ನೆಲ್ಲ ಕ್ರಮವಾಗಿ, ಒಂದೂ ಬಿಡದಂತೆ ಹೇಳಿದಳು. ಸಂಜೆ ಪ್ರಸಾರವಾದದ್ದು ಅವಳು ಸೆರಗಿನಿಂದ ಕಣ್ಣೊರೆಸಿಕೊಂಡ ಗಳಿಗೆ ಮಾತ್ರ. ಅವಳು ಕೊಟ್ಟದ್ದು ಸಾಕ್ಷ್ಯ, ತೋರಿಸಿದ್ದು ಅಳು. ನಿಮ್ಮ ಮನೆಯ ಹುಡುಗಿ ಆ ಸಾಕ್ಷ್ಯವನ್ನು ಪೂರ್ತಿ ಕೇಳಿಸಲು ಹೊರಟಿದ್ದಾಳೆಂದರೆ ಅವಳನ್ನು ತಡೆಯಬೇಡಿ.

ತದಡಿ
ಅಕ್ಕೋರ ಮಾತಿಗೆ ಗೌರವವಿದೆ, ಆದರೆ ಒಂದು ಸತ್ಯವನ್ನು ಒಪ್ಪಿಕೊಳ್ಳೋಣ. ಈ ಜಿಲ್ಲೆಯಲ್ಲಿ ಟಿವಿ ಯಾವ ದೊಡ್ಡ ಪ್ರಕರಣವನ್ನೂ ತಾನಾಗಿ ಬಯಲಿಗೆ ತಂದಿಲ್ಲ. ಬೇಲೆಕೇರಿ ಬಂದರಿನ ಕಬ್ಬಿಣದ ಅದಿರಿನ ಅಕ್ರಮ ಸಾಗಣೆ ಪ್ರಕರಣವನ್ನೇ ನೋಡಿ. ಕಡತ ಕಟ್ಟಿದ್ದು ಅರಣ್ಯ ಇಲಾಖೆ ಮತ್ತು ಲೋಕಾಯುಕ್ತ. ವಾಹಿನಿಗಳು ಆಮೇಲೆ ಬಂದು ಬಂದರಿನ ಎದುರು ನಿಂತು ಮಾತಾಡಿದವು. ಹೀಗಿರುವಾಗ ‘ತನಿಖಾ ಟಿವಿ ಪತ್ರಕರ್ತೆ’ ಎಂಬ ವೃತ್ತಿಯೇ ನಮ್ಮಲ್ಲಿ ಇದೆಯೇ ಎಂಬುದು ನನ್ನ ಪ್ರಶ್ನೆ.

ಸದಾಶಿವಗಡ
ತದಡಿಯವರೇ, ಬೇಲೆಕೇರಿಯ ಉದಾಹರಣೆ ನಿಮ್ಮ ವಾದಕ್ಕೆ ವಿರುದ್ಧವಾಗಿಯೇ ಸಾಕ್ಷಿ ಹೇಳುತ್ತದೆ. 2010ರ ಮಾರ್ಚಿನಲ್ಲಿ ಅಲ್ಲಿ ವಶಪಡಿಸಿಕೊಂಡ ಸುಮಾರು 8 ಲಕ್ಷ ಟನ್ ಅದಿರಿನಲ್ಲಿ ಸುಮಾರು 5 ಲಕ್ಷ ಟನ್ ಕಾಣೆಯಾಯಿತು. ಪ್ರಕರಣ ಹಿಡಿದ ಅರಣ್ಯಾಧಿಕಾರಿಯ ಅಮಾನತಿನ ವಿಚಾರದಲ್ಲಿ ನೊಂದು ಲೋಕಾಯುಕ್ತ ಸಂತೋಷ ಹೆಗ್ಡೆಯವರು ಜೂನ್‌ನಲ್ಲಿ ರಾಜೀನಾಮೆ ಕೊಟ್ಟು ನಂತರ ಹಿಂಪಡೆದರು. 2011ರ ಜುಲೈಯಲ್ಲಿ ಅವರ ಅಂತಿಮ ವರದಿ ಬಂತು, ಮುಖ್ಯಮಂತ್ರಿಯೇ ಕುರ್ಚಿ ಬಿಟ್ಟರು. ಅಲ್ಲಿಯವರೆಗೆ ಎಲ್ಲರೂ ಇದ್ದರು. ಆದರೆ ಬೆಂಗಳೂರಿನ ವಿಶೇಷ ನ್ಯಾಯಾಲಯ ನಮ್ಮ ಶಾಸಕರೂ ಸೇರಿದಂತೆ ಹಲವರಿಗೆ ಶಿಕ್ಷೆ ವಿಧಿಸಿದ್ದು 2024ರ ಅಕ್ಟೋಬರಿನಲ್ಲಿ, ಹೈಕೋರ್ಟ್ ಆ ಶಿಕ್ಷೆಯನ್ನು ಅಮಾನತಿನಲ್ಲಿಟ್ಟಿದ್ದು ನವೆಂಬರಿನಲ್ಲಿ. ನಡುವಿನ ಆ ದೀರ್ಘ ಕಾಲದಲ್ಲಿ ವಿಚಾರಣೆ ಹೇಗೆ ಸಾಗಿತು, ಸಾಕ್ಷಿಗಳು ಏನು ಹೇಳಿದರು, ಬಂದರಿನಲ್ಲಿ ಕೂಲಿ ಮಾಡುತ್ತಿದ್ದವರು ಎಲ್ಲಿಗೆ ಹೋದರು ಎಂಬುದನ್ನು ಜಿಲ್ಲೆಯ ವೀಕ್ಷಕನಿಗೆ ಜೋಡಿಸಿ ತೋರಿಸಿದವರು ಎಷ್ಟು ಮಂದಿ? ಮೊದಲು ಪತ್ತೆ ಹಚ್ಚುವುದು ಮಾತ್ರ ತನಿಖೆಯಲ್ಲ. ಎಲ್ಲರೂ ಎದ್ದು ಹೋದ ಮೇಲೆ ಕಡತದ ಜೊತೆ ಕುಳಿತಿರುವುದೂ ತನಿಖೆಯೇ. ಆ ಕೆಲಸಕ್ಕೆ ದಿನದ ಬುಲೆಟಿನ್‌ನಲ್ಲಿ ಜಾಗವಿಲ್ಲ, ಸಾಕ್ಷ್ಯಚಿತ್ರದಲ್ಲಿದೆ.

ತದಡಿ
ಅಷ್ಟು ವರ್ಷ ಕುಳಿತಿರುವವರಿಗೆ ಊಟ ಯಾರು ಹಾಕುತ್ತಾರೆ? ಮೂಲ ಪ್ರಶ್ನೆ ಅದೇ ಅಲ್ಲವೇ?

ಬೈತಖೋಲ
ನಾನು ಕ್ಯಾಮೆರಾ ಹಿಡಿದು ಬದುಕಿದವನು, ಮೊದಲು ಮದುವೆ, ಆಮೇಲೆ ಸುದ್ದಿ. ಊಟದ ಪ್ರಶ್ನೆಗೆ ಬರುವ ಮುನ್ನ ಹುಡುಗಿಗೆ ಒಂದು ಮಾತು ಹೇಳಿ. ಶಿರೂರಿನಲ್ಲಿ ಅವಳು ತೆಗೆದ ದೃಶ್ಯಗಳು ಅವಳವು ಅಲ್ಲ. ಕೆಲಸ ಬಿಟ್ಟ ದಿನ ಹಾರ್ಡ್ ಡಿಸ್ಕ್ ಕಚೇರಿಯಲ್ಲೇ ಉಳಿಯುತ್ತದೆ. ನಾನು ಸ್ಟ್ರಿಂಗರ್ (ಸಂಬಳವಿಲ್ಲದೆ, ಕೊಟ್ಟ ಸುದ್ದಿಗಿಷ್ಟು ಎಂದು ಹಣ ಪಡೆಯುವವನು) ಆಗಿದ್ದಾಗ ಒಂದು ವಾಹಿನಿಗೆ ಕಳಿಸಿದ ದೃಶ್ಯಗಳನ್ನು ಆಮೇಲೆ ಊರಿನ ಸಭೆಯೊಂದರಲ್ಲಿ ತೋರಿಸಬೇಕೆಂದು ಕೇಳಿದರೆ ಉತ್ತರವೇ ಬರಲಿಲ್ಲ. ಹಾಗಾಗಿ ಈಗಿನಿಂದಲೇ ರಜೆಯ ದಿನ, ಸ್ವಂತ ಕ್ಯಾಮೆರಾದಲ್ಲಿ, ಸ್ವಂತ ಕಾರ್ಡಿನಲ್ಲಿ ತೆಗೆಯಲಿ.

ಹೊನ್ನಾವರದ ವಕೀಲ
ಬೈತಖೋಲದವರು ಹೇಳಿದ್ದು ಸರಿ, ಆದರೆ ಕಾನೂನಿನ ಸ್ಥಿತಿ ಸ್ವಲ್ಪ ಸೂಕ್ಷ್ಮವಾಗಿದೆ. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಚಲನಚಿತ್ರದ ‘ಕರ್ತೃ’ ಎಂದರೆ ಅದರ ನಿರ್ಮಾಪಕ, ಕ್ಯಾಮೆರಾ ಹಿಡಿದವರಲ್ಲ. 17ನೆಯ ಕಲಮಿನ ಪ್ರಕಾರ ನೌಕರಿಯ ಅವಧಿಯಲ್ಲಿ, ನೌಕರಿಯ ಭಾಗವಾಗಿ ಮಾಡಿದ ಕೃತಿಯ ಹಕ್ಕು ಬೇರೆ ಕರಾರು ಇಲ್ಲದಿದ್ದರೆ ಮಾಲೀಕರದ್ದು. ಯಾರಾದರೂ ಹಣ ಕೊಟ್ಟು ಚಿತ್ರ ಮಾಡಿಸಿದರೂ ಹಾಗೆಯೇ, ಕರಾರು ಇಲ್ಲದಿದ್ದರೆ ಹಕ್ಕು ಮಾಡಿಸಿದವರದ್ದು. ಎರಡೂ ಕಡೆ ‘ಕರಾರು ಇಲ್ಲದಿದ್ದರೆ’ ಎಂಬ ಮಾತನ್ನು ಗಮನಿಸಿ. ಸ್ಟ್ರಿಂಗರ್‌ಗಳಿಗೆ ಬಹಳ ಸಲ ಲಿಖಿತ ಕರಾರೇ ಇರುವುದಿಲ್ಲ, ಇದ್ದರೂ ಅವರು ಓದದೆ ಸಹಿ ಹಾಕಿರುತ್ತಾರೆ. ನಿರ್ಮಾಪಕಿಯಾದವಳು ಮಾತ್ರ ತನ್ನ ಚಿತ್ರದ ಒಡತಿ, ಬಿಡುಗಡೆಯ ನಂತರ 60 ವರ್ಷ ಆ ಹಕ್ಕು ಉಳಿಯುತ್ತದೆ. ವರದಿಗಾರ್ತಿ ನಿರ್ಮಾಪಕಿಯಾಗಬೇಕೆನ್ನುವುದಕ್ಕೆ ಇದಕ್ಕಿಂತ ಗಟ್ಟಿಯಾದ ಕಾರಣ ನನಗೆ ಕಾಣುವುದಿಲ್ಲ. ಯಾವ ದೃಶ್ಯ ಉಳಿಯಬೇಕು, ಯಾವ ವಾಕ್ಯ ಹೋಗಬೇಕು ಎಂದು ನಿರ್ಧರಿಸುವವರು ಒಡೆಯರೇ.

ಧಾರವಾಡದಲ್ಲಿರುವ ಕುಮಟೆಯವ
ನಾನು ಪತ್ರಿಕೋದ್ಯಮ ಕಲಿಸುವವನು. ವರದಿಗಾರ ಮತ್ತು ನಿರ್ಮಾಪಕ ಎಂಬ ಎರಡು ಪಾತ್ರಗಳ ಜಗಳ ಈ ವೃತ್ತಿಯ ಹುಟ್ಟಿನಿಂದಲೇ ಇದೆ. ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ ಎಡ್ವರ್ಡ್ ಮರ್ರೊ ಪರದೆಯ ಮೇಲಿನ ಪತ್ರಕರ್ತ, ಫ್ರೆಡ್ ಫ್ರೆಂಡ್ಲಿ ಅವರ ಜೊತೆಗಾರ ನಿರ್ಮಾಪಕ. 1954ರ ಮಾರ್ಚ್ 9ರಂದು ಅವರು, ಹಲವರ ಮೇಲೆ ಕಮ್ಯುನಿಸ್ಟರೆಂಬ ಆರೋಪ ಹೊರಿಸುತ್ತಿದ್ದ ಸೆನೆಟರ್ ಮೆಕಾರ್ಥಿಯ ಕುರಿತು ಪ್ರಸಾರ ಮಾಡಿದ ಅರ್ಧ ತಾಸಿನ ಕಾರ್ಯಕ್ರಮದಲ್ಲಿ ಹೆಚ್ಚಿನ ಭಾಗ ಆ ಸೆನೆಟರ್‌ನ ಮಾತುಗಳೇ. ಅವನು ಬೇರೆ ಬೇರೆ ಕಡೆ ಆಡಿದ್ದನ್ನು ಸಂಗ್ರಹದಿಂದ ತೆಗೆದು ಪಕ್ಕಪಕ್ಕದಲ್ಲಿ ಇಟ್ಟರು, ಪ್ರತಿಯೊಂದಕ್ಕೂ ದಾಖಲೆ ಜೋಡಿಸಿದರು. ಪತ್ರಿಕೆಯಲ್ಲಿ ಜಾಹೀರಾತು ಕೊಡಲು ವಾಹಿನಿ ಒಪ್ಪದಿದ್ದಾಗ ಇಬ್ಬರೂ ತಮ್ಮ ಕೈಯಿಂದ ಹಣ ಹಾಕಿದರು. ಇದೇ ಫ್ರೆಂಡ್ಲಿ 1966ರಲ್ಲಿ ಸಿಬಿಎಸ್ ಸುದ್ದಿ ವಿಭಾಗದ ಮುಖ್ಯಸ್ಥರಾಗಿದ್ದರು. ವಿಯೆಟ್ನಾಂ ಯುದ್ಧದ ಬಗೆಗಿನ ಸೆನೆಟ್ ವಿಚಾರಣೆಯನ್ನು ನೇರ ಪ್ರಸಾರ ಮಾಡುವ ಬದಲು ವಾಹಿನಿ ಹಳೆಯ ಹಾಸ್ಯ ಧಾರಾವಾಹಿಯ ಕಂತೊಂದನ್ನು ಮರುಪ್ರಸಾರ ಮಾಡಿತೆಂದು ರಾಜೀನಾಮೆ ಕೊಟ್ಟರು. ಅಷ್ಟು ದೊಡ್ಡ ವಾಹಿನಿಯ ಅಷ್ಟು ದೊಡ್ಡ ಹುದ್ದೆಯಲ್ಲೂ ಸಮಯದ ಹಂಚಿಕೆ ಸುದ್ದಿಯವರ ಕೈಯಲ್ಲಿರಲಿಲ್ಲ. ಕಾರವಾರದ ಜಿಲ್ಲಾ ವರದಿಗಾರ್ತಿಗೆ ಡೆಸ್ಕಿನವರು ಒಂದೂವರೆ ನಿಮಿಷ ಕೊಟ್ಟರೆ ಅದರಲ್ಲಿ ಆಶ್ಚರ್ಯವೇನೂ ಇಲ್ಲ.

ಮತ್ತೊಂದು ವಿಷಯ. ಕನ್ನಡದಲ್ಲಿ ದಿನವಿಡೀ ಸುದ್ದಿ ಕೊಡುವ ವಾಹಿನಿಗಳ ಪರಂಪರೆ ಬಹಳ ಚಿಕ್ಕದು. ಟಿವಿ9 ಬಂದದ್ದು 2006ರಲ್ಲಿ, ಸುವರ್ಣ ನ್ಯೂಸ್ 2008ರಲ್ಲಿ, ಪಬ್ಲಿಕ್ ಟಿವಿ 2012ರಲ್ಲಿ. 1994ರ ಮೇ 13ರಂದು ಕೈಗಾದಲ್ಲಿ ಕಟ್ಟುತ್ತಿದ್ದ ಅಣು ವಿದ್ಯುತ್ ಸ್ಥಾವರದ ಗುಮ್ಮಟ ಕುಸಿದಾಗ ಅಥವಾ 1983ರಲ್ಲಿ ಕಾಡು ಕಡಿಯುವುದನ್ನು ತಡೆಯಲು ಸಾಲ್ಕಣಿಯ ಜನ ಮರಗಳನ್ನು ಅಪ್ಪಿಕೊಂಡಾಗ ಇವು ಯಾವುವೂ ಇರಲಿಲ್ಲ. ಆ ಕೆಲಸವನ್ನು ಮುದ್ರಣ ಮಾಧ್ಯಮ ಹೊತ್ತಿತು. ಶಿರಸಿ ಸೀಮೆಯಿಂದಲೇ ಬಂದ ನಾಗೇಶ ಹೆಗಡೆಯವರು ಪ್ರಜಾವಾಣಿಯಲ್ಲಿ ಪರಿಸರದ ವಿಷಯವನ್ನು ವಿಜ್ಞಾನದ ಶಿಸ್ತಿನಿಂದ, ಎಲ್ಲರಿಗೂ ಅರ್ಥವಾಗುವ ಕನ್ನಡದಲ್ಲಿ ಬರೆದು ಓದುಗರನ್ನು ಬೆಳೆಸಿದರು. ಆ ಗುಣಮಟ್ಟ ದೃಶ್ಯ ಮಾಧ್ಯಮಕ್ಕೆ ಇನ್ನೂ ಬರಬೇಕಾಗಿದೆ, ಅದನ್ನು ತರುವವರು ಇಂಥ ಹುಡುಗಿಯರೇ.

ಯಲ್ಲಾಪುರ ಘಟ್ಟ
ರಹಸ್ಯ ಕ್ಯಾಮೆರಾ ಇಟ್ಟು ಒಬ್ಬ ಅಧಿಕಾರಿಯನ್ನು ಹಿಡಿದರೆ ಊರೇ ನೋಡುತ್ತದೆ. ಕಾಗದ ತೋರಿಸಿದರೆ ಯಾರು ನೋಡುತ್ತಾರೆ?

ಹೊನ್ನಾವರದ ವಕೀಲ
ಯಲ್ಲಾಪುರದವರೇ, ಆ ದಾರಿಯನ್ನು ಹೊಸಬರಿಗೆ ತೋರಿಸಬೇಡಿ. ರಹಸ್ಯ ಕ್ಯಾಮೆರಾದ ಎರಡು ಮುಖಗಳನ್ನೂ ದೆಹಲಿಯ ಎರಡು ಪ್ರಕರಣಗಳು ತೋರಿಸಿವೆ. ಬಿಎಂಡಬ್ಲ್ಯು ಅಪಘಾತದ ಮೊಕದ್ದಮೆಯಲ್ಲಿ ಸಾಕ್ಷಿಯನ್ನು ಒಲಿಸಿಕೊಳ್ಳುವ ಯತ್ನವನ್ನು ವಾಹಿನಿಯೊಂದು ಸೆರೆಹಿಡಿಯಿತು. 2009ರಲ್ಲಿ ಸುಪ್ರೀಂ ಕೋರ್ಟ್ ಆ ಪ್ರಸಾರವನ್ನು ಸಾರ್ವಜನಿಕ ಹಿತದ ಕೆಲಸವೆಂದೇ ಕಂಡಿತು. ಅದಕ್ಕೆ ಮೊದಲು, 2007ರಲ್ಲಿ, ಇನ್ನೊಂದು ವಾಹಿನಿ ಶಾಲಾ ಶಿಕ್ಷಕಿಯೊಬ್ಬರ ಮೇಲೆ ಸುಳ್ಳು ಕಾರ್ಯಾಚರಣೆಯನ್ನು ಪ್ರಸಾರ ಮಾಡಿ, ಜನರ ಗುಂಪು ಆಕೆಯ ಮೇಲೆ ಕೈಮಾಡುವಂತಾಯಿತು. ಆರೋಪ ಹುಸಿಯೆಂದು ತಿಳಿದ ಮೇಲೆ ವಾಹಿನಿಗೆ ಒಂದು ತಿಂಗಳ ನಿಷೇಧ ಬಿತ್ತು. ಆ ಶಿಕ್ಷಕಿಯ ಬದುಕಿಗೆ ಆದ ಹಾನಿಗೆ ಅದು ಪರಿಹಾರವೇ? ಬೇರೆ ಯಾವ ದಾರಿಯೂ ಇಲ್ಲದಾಗ, ಸಂಪಾದಕರ ಲಿಖಿತ ಒಪ್ಪಿಗೆಯ ಮೇಲೆ, ಕತ್ತರಿಸದ ಮೂಲ ದೃಶ್ಯವನ್ನು ಕಾಯ್ದಿಟ್ಟುಕೊಂಡು ಮಾತ್ರ ಇದಕ್ಕೆ ಇಳಿಯಬೇಕು. ಒಬ್ಬಂಟಿ ನಿರ್ಮಾಪಕಿಗೆ ಹಿಂದೆ ನಿಲ್ಲುವ ಸಂಪಾದಕರೂ ಇಲ್ಲ, ಕಾನೂನು ವಿಭಾಗವೂ ಇಲ್ಲ.

ಮಾನನಷ್ಟದ ಬಗ್ಗೆಯೂ ಹೇಳಿಬಿಡುತ್ತೇನೆ. ಭಾರತೀಯ ನ್ಯಾಯ ಸಂಹಿತೆಯ 356ನೆಯ ಕಲಮಿನಲ್ಲಿ ಮಾನನಷ್ಟ ಇನ್ನೂ ಅಪರಾಧವೇ. ಹೇಳಿದ್ದು ಸತ್ಯ ಮತ್ತು ಅದನ್ನು ಹೇಳುವುದು ಸಾರ್ವಜನಿಕ ಹಿತಕ್ಕೆ ಅಗತ್ಯ, ಇವೆರಡನ್ನೂ ತೋರಿಸಬೇಕಾಗುತ್ತದೆ. ಆದ್ದರಿಂದ ಚಿತ್ರದಲ್ಲಿ ಯಾರ ಮೇಲೆ ಆರೋಪ ಬರುತ್ತದೆಯೋ ಅವರಿಗೆ ಪ್ರಶ್ನೆಗಳನ್ನು ಲಿಖಿತವಾಗಿ ಕಳಿಸಿ, ಉತ್ತರಿಸಲು ಸಾಕಷ್ಟು ದಿನ ಕೊಟ್ಟು, ಬಂದ ಉತ್ತರವನ್ನು ಚಿತ್ರದಲ್ಲಿ ಸೇರಿಸಬೇಕು. ಉತ್ತರ ಬರದಿದ್ದರೆ ಸ್ಪೀಡ್ ಪೋಸ್ಟಿನ ರಸೀದಿಯಾದರೂ ಕೈಯಲ್ಲಿರಬೇಕು.

ಸಿದ್ದಾಪುರ ಮಲೆನಾಡು
ಕಾಗದದ ವಿಚಾರ ಬಂದದ್ದರಿಂದ ಬರೆಯುತ್ತಿದ್ದೇನೆ. 2005ರ ಮಾಹಿತಿ ಹಕ್ಕು ಕಾಯ್ದೆಯನ್ನು ಬಳಸಲು ಕಲಿಯದೆ ಈ ಕೆಲಸಕ್ಕೆ ಕೈಹಾಕಬಾರದು. ಹತ್ತು ರೂಪಾಯಿಯ ಅರ್ಜಿ, 30 ದಿನದೊಳಗೆ ಉತ್ತರ ಬರಬೇಕು, ಬರದಿದ್ದರೆ ಇನ್ನು 30 ದಿನದೊಳಗೆ ಅದೇ ಇಲಾಖೆಯ ಮೇಲಧಿಕಾರಿಗೆ ಮೊದಲ ಮೇಲ್ಮನವಿ, ಅಲ್ಲೂ ಆಗದಿದ್ದರೆ 90 ದಿನದೊಳಗೆ ಮಾಹಿತಿ ಆಯೋಗಕ್ಕೆ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, 150 ಪದ ಮೀರಬಾರದು. ‘ಶಿರೂರು ಗುಡ್ಡ ಕುಸಿತದ ಸಮಗ್ರ ಮಾಹಿತಿ ಕೊಡಿ’ ಎಂದು ಬರೆದರೆ ಅರ್ಜಿ ಹಿಂದೆ ಬರುತ್ತದೆ. ಇಂಥ ಕಿಲೋಮೀಟರಿನಿಂದ ಇಂಥ ಕಿಲೋಮೀಟರಿನವರೆಗಿನ ಇಳಿಜಾರಿನ ನಕ್ಷೆ ಎಂದು ಬರೆದರೆ ಅಧಿಕಾರಿ ಆ ಹಾಳೆಯನ್ನೇ ಹುಡುಕಬೇಕಾಗುತ್ತದೆ. ಪ್ರತಿ ಕೇಳುವುದಕ್ಕಿಂತ ಕಡತದ ಪರಿಶೀಲನೆ ಕೇಳುವುದು ಇನ್ನೂ ಒಳ್ಳೆಯದು, ಕಾಯ್ದೆ ಅದಕ್ಕೆ ಅವಕಾಶ ಕೊಟ್ಟಿದೆ. ಕಡತ ಎದುರಿಗಿದ್ದಾಗ ಅದರ ಟಿಪ್ಪಣಿ ಹಾಳೆಗಳನ್ನು ನೋಡಲಿ. ಗುಮಾಸ್ತರು ಏನು ಬರೆದರು, ಮೇಲಿನವರು ಅದರ ಪಕ್ಕದಲ್ಲಿ ಏನು ಷರಾ ಹಾಕಿದರು, ಎರಡರ ನಡುವೆ ಎಷ್ಟು ತಿಂಗಳು ಕಳೆಯಿತು ಎಂಬುದು ಅಲ್ಲಿ ಮಾತ್ರ ಕಾಣುತ್ತದೆ. ನನ್ನ ಅಡಕೆ ತೋಟದ ಸೊಪ್ಪಿನಬೆಟ್ಟದ (ತೋಟಕ್ಕೆ ಸೊಪ್ಪು ತರುವ ಕಾಡಿನ) ತಕರಾರಿನಲ್ಲಿ ನಾನು ಕಲಿತದ್ದು ಇದನ್ನೇ.

ಸದಾಶಿವಗಡ
ಸಿದ್ದಾಪುರದವರ ಈ ಬರಹವನ್ನು ಹುಡುಗಿ ಮುದ್ರಿಸಿ ಮೇಜಿನ ಮೇಲೆ ಇಟ್ಟುಕೊಳ್ಳಲಿ. 2024ರ ಆಗಸ್ಟ್ 6ರ ನಡುರಾತ್ರಿ ದಾಟಿದ ಮೇಲೆ ನಮ್ಮ ಊರಿನ ಕಾಳಿ ನದಿಯ ಹಳೆಯ ಸೇತುವೆ ಲಾರಿಯೊಂದರ ಸಮೇತ ಕುಸಿದಾಗಲೂ ಕೇಳಬೇಕಾಗಿದ್ದು ಇಂಥ ಪ್ರಶ್ನೆಯೇ: ಆ ಸೇತುವೆಯನ್ನು ಕೊನೆಯ ಸಲ ಯಾರು ಪರೀಕ್ಷಿಸಿದರು, ಏನು ಬರೆದರು?

ಕೋಡಿಬಾಗ
ಎಲ್ಲ ಸರಿ. ತದಡಿಯವರು ಕೇಳಿದ ಊಟದ ಪ್ರಶ್ನೆಗೆ ಇನ್ನೂ ಉತ್ತರ ಬಂದಿಲ್ಲ.

ಬೈತಖೋಲ
ಬರೆಯುತ್ತೇನೆ. ತನಿಖಾ ಸಾಕ್ಷ್ಯಚಿತ್ರದಿಂದಲೇ ಪೂರ್ತಿ ಜೀವನ ಸಾಗಿಸುವವರನ್ನು ನಾನು ಈ ಜಿಲ್ಲೆಯಲ್ಲಿ ಕಂಡಿಲ್ಲ. ಇರುವವರೆಲ್ಲ ಎರಡು ಕೆಲಸ ಮಾಡುತ್ತಾರೆ. ಮದುವೆ, ಉಪನಯನ, ಜಾತ್ರೆ, ಯಕ್ಷಗಾನದ ಚಿತ್ರೀಕರಣ, ಹೊರಗಿನ ತಂಡಗಳು ಬಂದಾಗ ಸ್ಥಳೀಯ ಸಂಯೋಜಕರ ಕೆಲಸ, ಸಂಕಲನ, ಹೀಗೆ. ಹೊರಗಿನ ತಂಡಗಳಿಗೆ ಕೊಂಕಣಿ, ಕನ್ನಡ ಎರಡೂ ಬಲ್ಲ, ಮೀನುಗಾರರಾದ ಹರಿಕಂತ್ರರ ಕೇರಿಯಲ್ಲೂ ಖಾರ್ವಿಗಳ ಕೇರಿಯಲ್ಲೂ ಪರಿಚಯವಿರುವ ಒಬ್ಬರು ಬೇಕೇ ಬೇಕು, ಅದಕ್ಕೆ ಸಿಗುವ ಹಣ ಸುದ್ದಿಯ ಹಣಕ್ಕಿಂತ ಚೆನ್ನಾಗಿರುತ್ತದೆ. ಮೇ ಮುಗಿಯುವುದರೊಳಗೆ ದುಡಿದು ಮಳೆಗಾಲದಲ್ಲಿ ಕಡತ ಓದಬೇಕು. ಮಳೆಗಾಲದ ಇನ್ನೊಂದು ಖರ್ಚನ್ನೂ ಹೇಳುತ್ತೇನೆ. ನಮ್ಮ ಕರಾವಳಿಯ ಹವೆಯಲ್ಲಿ ಲೆನ್ಸಿನೊಳಗೆ ಬೂಷ್ಟು ಹಿಡಿಯುತ್ತದೆ. ಮೊದಲು ಅಂಚಿನಲ್ಲಿ ಜೇಡರ ಬಲೆಯ ಎಳೆಯಂತೆ ಕಾಣಿಸುತ್ತದೆ, ಒರೆಸಿದರೆ ಹೋಗುವುದಿಲ್ಲ, ಬಿಚ್ಚಿ ತೊಳೆಸಬೇಕು. ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಹಾಕಿಟ್ಟು, ಅದರ ಬಣ್ಣ ಬದಲಾದಾಗ ಹುರಿದು ಮತ್ತೆ ಹಾಕಬೇಕು.

ಯಲ್ಲಾಪುರ ಘಟ್ಟ
ಸಂಘ ಸಂಸ್ಥೆಗಳ, ಗುತ್ತಿಗೆದಾರರ ಪ್ರಚಾರ ಚಿತ್ರ ಮಾಡಿದರೆ ಒಂದೇ ಸಲಕ್ಕೆ ಒಳ್ಳೆಯ ಮೊತ್ತ ಬರುತ್ತದೆ.

ಅಂಕೋಲೆಯ ಅಕ್ಕೋರು
ಅದೊಂದು ಬೇಡ, ದಯವಿಟ್ಟು. ಗುಡ್ಡ ಕಡಿದವರ ಹಣದಿಂದ ಕ್ಯಾಮೆರಾ ಕೊಂಡು ಗುಡ್ಡ ಕುಸಿತದ ಚಿತ್ರ ಮಾಡಿದರೆ ಉಳುವರೆಯವರು ಅವಳ ಎದುರು ಮನೆಯ ಚಾವಡಿಯಲ್ಲಿ ಕುಳಿತು ಮಾತಾಡುತ್ತಾರೆಯೇ? ಜಿಲ್ಲೆ ಚಿಕ್ಕದು, ಯಾರ ಹಣ ಯಾರಲ್ಲಿಗೆ ಹೋಯಿತೆಂಬುದು ಎರಡು ದಿನದಲ್ಲಿ ಗೊತ್ತಾಗುತ್ತದೆ. ಮದುವೆ ಚಿತ್ರೀಕರಣದಲ್ಲಿ ಯಾವ ಕಳಂಕವೂ ಇಲ್ಲ.

ಧಾರವಾಡದಲ್ಲಿರುವ ಕುಮಟೆಯವ
ಅಕ್ಕೋರ ಮಾತನ್ನು ನನ್ನ ತರಗತಿಯಲ್ಲೂ ಹೇಳುವೆ. ಸರ್ಕಾರದ ಬೆಂಬಲದ ಬಗ್ಗೆ ಹೇಳುವುದಾದರೆ, 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ ದಶಕಗಳ ಕಾಲ ಸಾಕ್ಷ್ಯಚಿತ್ರಗಳ ಮುಖ್ಯ ಆಶ್ರಯವಾಗಿತ್ತು. 2022ರಲ್ಲಿ ಅದನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನ ಮಾಡಲಾಯಿತು. ಸರ್ಕಾರದ ಇಲಾಖೆಯನ್ನೇ ಪ್ರಶ್ನಿಸುವ ಚಿತ್ರಕ್ಕೆ ಸರ್ಕಾರದ ಹಣವನ್ನು ನೆಚ್ಚಿಕೊಂಡು ಕೂರುವುದು ಜಾಣತನವಲ್ಲ. ಚಿತ್ರಮಂದಿರದಲ್ಲಿ ತೋರಿಸಬೇಕಾದರೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಕಾರ ಪ್ರಮಾಣಪತ್ರ ಬೇಕು, ಸಾಕ್ಷ್ಯಚಿತ್ರಕ್ಕೂ ವಿನಾಯಿತಿ ಇಲ್ಲ. ಯೂಟ್ಯೂಬಿಗೆ ಆ ಪ್ರಮಾಣಪತ್ರ ಬೇಕಿಲ್ಲ.

ಅರ್ಗಾ ತೊರೆದವರು
ಇನ್ನೊಂದು ಎಚ್ಚರಿಕೆ. ನಮ್ಮ ಕುಟುಂಬ ಕಾರವಾರದ ನೌಕಾನೆಲೆಯ ಸೀಬರ್ಡ್ ಯೋಜನೆಗೆ ಊರು ಬಿಟ್ಟುಕೊಟ್ಟದ್ದು. 1986ರಲ್ಲಿ ಶಿಲಾನ್ಯಾಸವಾಯಿತು, 2005ರಲ್ಲಿ ಆ ನೆಲೆ, ಐಎನ್‌ಎಸ್ ಕದಂಬ, ಕಾರ್ಯಾರಂಭ ಮಾಡಿತು. ನಿರಾಶ್ರಿತರ ಕಥೆಯನ್ನು ಚಿತ್ರಿಸಲು ಬಂದ ಹುಡುಗರು ಉತ್ಸಾಹದಲ್ಲಿ ನೌಕಾನೆಲೆಯ ಗೋಡೆಯತ್ತ ಕ್ಯಾಮೆರಾ ತಿರುಗಿಸುವುದನ್ನು ನೋಡಿದ್ದೇನೆ. ನಿಷೇಧಿತ ಸ್ಥಳದ ಚಿತ್ರಣಕ್ಕೆ 1923ರ ಅಧಿಕೃತ ರಹಸ್ಯಗಳ ಕಾಯ್ದೆ ಅನ್ವಯಿಸುತ್ತದೆ. ಅಲ್ಲಿ ಡ್ರೋನ್ ಹಾರಿಸುವ ಯೋಚನೆಯನ್ನೇ ಮಾಡಬಾರದು, ಕೈಗಾದ ಬಳಿಯೂ ಹಾಗೆಯೇ. ಕಾಳಿ ಹುಲಿ ಸಂರಕ್ಷಿತ ಪ್ರದೇಶದೊಳಗೆ ಚಿತ್ರೀಕರಿಸಲು ಅರಣ್ಯ ಇಲಾಖೆಯ ಅನುಮತಿ ಪಡೆಯಬೇಕು. ನಮ್ಮ ಕಥೆ ಗೋಡೆಯ ಒಳಗಿಲ್ಲ, ಪುನರ್ವಸತಿ ಕೇರಿಗಳ ಪಹಣಿ ಪತ್ರಗಳಲ್ಲಿ, ಪರಿಹಾರದ ಮೊಕದ್ದಮೆಗಳ ತೀರ್ಪುಗಳಲ್ಲಿ, ಸಮುದ್ರಕ್ಕೆ ಇಳಿಯುವ ದಾರಿ ಕಳೆದುಕೊಂಡ ಮೀನುಗಾರರ ಮಾತಿನಲ್ಲಿ ಇದೆ. ಅವನ್ನು ತೋರಿಸಲು ಯಾರ ಅಪ್ಪಣೆಯೂ ಬೇಕಾಗಿಲ್ಲ.

ತದಡಿ
ಇಷ್ಟೆಲ್ಲ ಓದಿದ ಮೇಲೂ ನನ್ನ ಅನುಮಾನ ಪೂರ್ತಿ ಹೋಗಿಲ್ಲ, ಆದರೆ ಕೆಲಸದ ಅಗತ್ಯವನ್ನು ಒಪ್ಪುತ್ತೇನೆ. ಹೊನ್ನಾವರದ ಕಾಸರಕೋಡ ಟೊಂಕಾದ ಬಂದರಿನ ವಿವಾದದಲ್ಲಿ ಎರಡೂ ಕಡೆಯವರ ದಾಖಲೆಗಳನ್ನು ಎದುರೆದುರು ಇಟ್ಟು ತೋರಿಸುವ ಒಂದು ಚಿತ್ರವಿದ್ದರೆ ಎಷ್ಟೋ ಜಗಳ ಕಡಿಮೆಯಾಗುತ್ತಿತ್ತು.

ಶಿರಸಿ ಸೀಮೆ
ಎಲ್ಲರಿಗೂ ಕೃತಜ್ಞತೆಗಳು. ನಿನ್ನೆ ರಾತ್ರಿ ಅವಳನ್ನು ಕೂರಿಸಿಕೊಂಡು ಇವನ್ನೆಲ್ಲ ಓದಿಸಿದೆ. ಈ ವರ್ಷ ಕೆಲಸ ಬಿಡುವುದಿಲ್ಲ, ಆದರೆ ಶಿರೂರಿನ ಕೆಲಸವನ್ನು ಸ್ವಂತ ಕ್ಯಾಮೆರಾದಲ್ಲಿ ಶುರುಮಾಡುತ್ತಾಳೆ. ಸ್ವಂತ ಚಿತ್ರ ಮಾಡಲು ಅಡ್ಡಿ ಇಲ್ಲವೆಂದು ವಾಹಿನಿಯಿಂದ ಲಿಖಿತವಾಗಿ ಪಡೆಯಲು ಕೇಳಿದ್ದಾಳೆ. ಮೊದಲ ಮೂರು ಮಾಹಿತಿ ಹಕ್ಕು ಅರ್ಜಿಗಳ ಕರಡನ್ನು ನಾನೇ ಪದ ಎಣಿಸಿ ನೋಡಿದೆ, ಒಂದು 150 ಮೀರಿತ್ತು, ಎರಡಾಗಿ ಒಡೆದೆವು. ಅವಳಿಗೆ ಉಳಿದ ಒಂದೇ ಪ್ರಶ್ನೆ: ಹೆಸರು ಹೇಳಲು ಹೆದರುವ ಸಾಕ್ಷಿಗಳನ್ನು ಹೇಗೆ ತೋರಿಸುವುದು?

ಬೈತಖೋಲ
ಮುಖವನ್ನು ಸಂಕಲನದಲ್ಲಿ ಮಸುಕು ಮಾಡಿದರೆ ಸಾಲದು, ಮೂಲ ದೃಶ್ಯದಲ್ಲಿ ಮುಖ ಉಳಿದೇ ಇರುತ್ತದೆ. ಚಿತ್ರೀಕರಿಸುವಾಗಲೇ ಬೆನ್ನ ಹಿಂದಿನಿಂದ ಅಥವಾ ಕೈಗಳನ್ನು ಮಾತ್ರ ತೆಗೆಯಬೇಕು. ಹಿನ್ನೆಲೆಯಲ್ಲಿ ಮನೆಯ ಬಾಗಿಲು, ದೋಣಿಯ ನಂಬರು, ಗೋಡೆಯ ಮೇಲಿನ ಫೋಟೋ ಬರದಂತೆ ನೋಡಬೇಕು. ಧ್ವನಿಯಿಂದಲೂ ಗುರುತು ಸಿಗುತ್ತದೆ, ಹಾಗಾಗಿ ಅವರ ಮಾತನ್ನು ಬೇರೆಯವರಿಂದ ಓದಿಸುವುದು ವಾಸಿ.

ಹೊನ್ನಾವರದ ವಕೀಲ
ಹಾಗೆ ಓದಿಸಿದ್ದನ್ನು ತೆರೆಯ ಮೇಲೆ ಸ್ಪಷ್ಟವಾಗಿ ಬರೆಯಬೇಕು, ಇಲ್ಲದಿದ್ದರೆ ನೋಡುವವರಿಗೆ ಮೋಸವಾಗುತ್ತದೆ. ಸಾಕ್ಷಿಯ ಒಪ್ಪಿಗೆ ಪತ್ರವನ್ನು ಅವರಿಗೆ ಗೊತ್ತಿರುವ ಭಾಷೆಯಲ್ಲಿ ಓದಿ ಹೇಳಿ ಸಹಿ ಪಡೆದು, ಹಾರ್ಡ್ ಡಿಸ್ಕಿನಿಂದ ಬೇರೆ ಕಡೆ ಇಡಲಿ.